ಪೂರ್ವಕ್ಕೆ ಅಂಗಳ, ಪಶ್ಚಿಮಕ್ಕೆ ಓಣಿ

ಕೋರ್ಟಿನ ಮೆಟ್ಟಿಲು ಹತ್ತಿದವರಿಗೆಲ್ಲ ಟೈಪಿನಕ್ಕ ಗೊತ್ತು. ಗೊತ್ತಿಲ್ಲದವರು ಪುಣ್ಯವಂತರು, ಅವರು ಹಾಗೇ ಇರಲಿ. ಆ ಮೆಟ್ಟಿಲುಗಳ ಅಡಿಯಲ್ಲೇ, ಎದ್ದು ನಿಂತರೆ ತಲೆಗೆ ಬಡಿಯುವ ಮೂಲೆಯಲ್ಲಿ, ಅವಳ ಮೇಜು. ಮೇಜಿನ ಒಂದು ಕಾಲು ಗಿಡ್ಡ, ಅದಕ್ಕೆ ಯಾರಿಗೋ ತಲುಪದೆ ವಾಪಸು ಬಂದ ಹಳೇ ಸಮನ್ಸೊಂದನ್ನು ಮಡಿಸಿ ಒತ್ತುಕೊಟ್ಟಿದ್ದಳು. ಮೇಜಿನ ಮೇಲೆ ಅವಳಿಗಿಂತ ನಾಲ್ಕು ವರ್ಷ ಹಿರಿಯದಾದ ಟೈಪ್ ಮೆಷಿನ್ನು. ಇಪ್ಪತ್ತಾರು ವರ್ಷ ಅದೇ ಮೂಲೆ, ಅದೇ ಮೆಷಿನ್ನು. ಅವಳಿಗೂ ಒಂದು ಹೆಸರಿತ್ತು. ಇಟ್ಟವರು ತೀರಿಕೊಂಡರು, ಬಾಯ್ತುಂಬ ಕರೆಯುತ್ತಿದ್ದ ಗಂಡ ತೀರಿಕೊಂಡ, ಆಮೇಲೆ ಆ ಹೆಸರು ವೋಟಿನ ಪಟ್ಟಿಯಲ್ಲಿ ಬಿಟ್ಟರೆ ಬೇರೆಲ್ಲೂ ಕಾಣಿಸಿಕೊಳ್ಳಲಿಲ್ಲ. ವಕೀಲರಿಗೂ ಗುಮಾಸ್ತರಿಗೂ ಜಾಮೀನಿಗೆ ಬಂದವರಿಗೂ ಅವಳು ಟೈಪಿನಕ್ಕನೇ.

ಕೆಲಸ ಕಲಿಸಿದವರು ಅದೇ ಮೇಜಿನಲ್ಲಿ ಅವಳಿಗಿಂತ ಮುಂಚೆ ಕೂರುತ್ತಿದ್ದ ಮೇಷ್ಟ್ರು. ಗಂಡ ಹೋದ ವರ್ಷ ಒಂದು ಅರ್ಜಿ ಟೈಪ್ ಮಾಡಿಸಿಕೊಳ್ಳಲು ಬಂದಿದ್ದಳು. ಕೊಡಲು ಕಾಸಿರಲಿಲ್ಲ. ಮೇಷ್ಟ್ರು ಅವಳ ಕೈಬರಹದ ಚೀಟಿ ನೋಡಿ, "ಅಕ್ಷರ ಚೆನ್ನಾಗಿದೆ, ನಾಳೆಯಿಂದ ಬಾ" ಎಂದರು. ಅಷ್ಟೇ. ಆ ಒಂದು ಮಾತನ್ನು ಅವಳು ಈಗಲೂ ನೆನೆಸಿಕೊಳ್ಳುತ್ತಾಳೆ, ಮೆಷಿನ್ನಿನ ಮುಸುಕು ತೆಗೆಯುವಾಗ ದಿನಾ ನೆನೆಸಿಕೊಳ್ಳುತ್ತಾಳೆ. ಮೇಷ್ಟ್ರ ಮೊದಲ ಪಾಠ ಇದು: ಅಕ್ಷರ ನೋಡು, ಅರ್ಥ ನೋಡಬೇಡ. ಒಬ್ಬಳ ವಿಚ್ಛೇದನ, ಇನ್ನೊಬ್ಬನ ಸಾಲ, ಅಣ್ಣತಮ್ಮಂದಿರ ಹೊಡೆದಾಟ, ಎಲ್ಲ ಅದೇ ಬೆರಳಿನಿಂದ ಹಾದುಹೋಗಬೇಕು. ಅರ್ಥ ನೋಡುತ್ತ ಕೂತರೆ ಸಂಜೆ ಮನೆಗೆ ಹೋಗಿ ಅನ್ನ ಗಂಟಲಲ್ಲಿ ಇಳಿಯುವುದಿಲ್ಲ. ಅವಳು ಈ ಪಾಠವನ್ನು ಎಷ್ಟು ಚೆನ್ನಾಗಿ ಕಲಿತಳೆಂದರೆ, ಹತ್ತು ಪುಟ ಟೈಪ್ ಮಾಡಿ ಮುಗಿಸಿದ ಮೇಲೆ ಅದು ಕೊಲೆ ಕೇಸೋ ಕೋಳಿ ಕದ್ದ ಕೇಸೋ ಎಂದು ಕೇಳಿದರೆ "ಹನ್ನೊಂದು ಕಡೆ ಒತ್ತಕ್ಷರ ತಪ್ಪಿತ್ತು, ಸರಿ ಮಾಡಿದೀನಿ" ಎನ್ನುತ್ತಿದ್ದಳು.

ಆದರೆ ಒಂದು ಜಾಗದಲ್ಲಿ ಮಾತ್ರ ಅವಳು ಅರ್ಥ ನೋಡುತ್ತಿದ್ದಳು. ಅದು ಚಕ್ಕುಬಂದಿ. ಮನೆಯೋ ಜಾಗವೋ ಯಾವುದೆಂದು ತೋರಿಸಲು ಕಾಗದದ ಕೊನೆಯಲ್ಲಿ ನಾಲ್ಕು ದಿಕ್ಕಿನ ಎಲ್ಲೆ ಬರೆಯುತ್ತಾರಲ್ಲ, ಪೂರ್ವಕ್ಕೆ ಇಂಥದ್ದು, ಪಶ್ಚಿಮಕ್ಕೆ ಇಂಥದ್ದು ಎಂದು, ಅದೇ. ಇದಕ್ಕೊಂದು ಹಿನ್ನೆಲೆಯಿದೆ. ಕೆಲಸಕ್ಕೆ ಸೇರಿದ ಮೊದಲ ವರ್ಷ ಅವಳು ಒಂದು ಸಾಲುಮನೆಯ ಚಕ್ಕುಬಂದಿಯಲ್ಲಿ ಉತ್ತರದ ಜಾಗಕ್ಕೆ ದಕ್ಷಿಣ ಹೊಡೆದುಬಿಟ್ಟಿದ್ದಳು. ನೋಟೀಸಿನಿಂದ ದಾವೆಗೆ, ದಾವೆಯಿಂದ ತೀರ್ಪಿಗೆ, ತೀರ್ಪಿನಿಂದ ವಾರಂಟಿಗೆ ಆ ತಪ್ಪು ಭದ್ರವಾಗಿ ನಡೆದುಹೋಯಿತು. ಯಾರೂ ಕಣ್ಣು ಹಾಯಿಸಲಿಲ್ಲ. ಮನೆ ಖಾಲಿ ಮಾಡಿಸುವ ಕೋರ್ಟಿನ ಅಮೀನ ವಾರಂಟು ಹಿಡಿದು ಹೋದ, ಕಾಗದದಲ್ಲಿದ್ದಂತೆ ಮನೆ ಹುಡುಕಿದ, ಬಾಡಿಗೆ ಬಾಕಿಯಿಟ್ಟವನನ್ನು ಬಿಟ್ಟು ಪಕ್ಕದವನ ಪಾತ್ರೆ ಪಡಗ ಬೀದಿಗೆ ಹಾಕಿಸಿದ. ಪಕ್ಕದವರು ಕನ್ನಡಕ ರಿಪೇರಿ ಮಾಡುತ್ತಿದ್ದ ವಯಸ್ಸಾದವರು. ಸಂಜೆಯ ಹೊತ್ತಿಗೆ ತಪ್ಪು ಗೊತ್ತಾಗಿ ಸಾಮಾನೆಲ್ಲ ಒಳಗೆ ಹೋಯಿತು. ಆದರೆ ಗಾಜಿನ ಪೆಟ್ಟಿಗೆ ಅಷ್ಟರಲ್ಲಿ ಬಿದ್ದು ಚೂರಾಗಿತ್ತು. ಮಾರನೆಯ ದಿನ ಅವರು ಮೆಟ್ಟಿಲ ಕೆಳಗೆ ಬಂದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಅರ್ಧ ಒಡೆದ ಒಂದು ಗಾಜನ್ನು ಮೆಷಿನ್ನಿನ ಮೇಲಿಟ್ಟು, "ಇದನ್ನ ಹಾಕ್ಕೊಂಡು ನೋಡಮ್ಮ, ಉತ್ತರ ಯಾವುದು ದಕ್ಷಿಣ ಯಾವುದು ಕಾಣುತ್ತಾ ಅಂತ" ಎಂದು ಹೇಳಿ ಹೋದರು.

ಆ ಗಾಜು ಇವತ್ತಿಗೂ ಅವಳ ಡ್ರಾಯರಿನಲ್ಲಿದೆ. ಅಂದಿನಿಂದ ಚಕ್ಕುಬಂದಿ ಬಂದರೆ ಟೈಪಿನಕ್ಕ ಕೈ ನಿಲ್ಲಿಸುತ್ತಿದ್ದಳು. ಕಣ್ಣು ಮುಚ್ಚಿ ಆ ಮನೆಯ ಬಾಗಿಲಲ್ಲಿ ಹೋಗಿ ನಿಲ್ಲುತ್ತಿದ್ದಳು. ಬೆಳಗಿನ ಬಿಸಿಲು ಯಾವ ಕಡೆಯಿಂದ ಬರುತ್ತದೆ, ಎಡಗೈಗೆ ಏನು ಸಿಗುತ್ತದೆ, ಬಲಗೈಗೆ ಏನು ಸಿಗುತ್ತದೆ, ಬೆನ್ನ ಹಿಂದೆ ಯಾರಿದ್ದಾರೆ, ಎಲ್ಲ ಲೆಕ್ಕ ಹಾಕಿ ಆಮೇಲೆ ಬೆರಳು ಇಡುತ್ತಿದ್ದಳು. ಅವಸರದ ಗುಮಾಸ್ತರು "ಅಕ್ಕ ಧ್ಯಾನಕ್ಕೆ ಕೂತ್ರು" ಎಂದು ನಗುತ್ತಿದ್ದರು. ನಗಲಿ, ಅವರ ಗಾಜೇನೂ ಒಡೆದಿರಲಿಲ್ಲವಲ್ಲ.

ಅವಳು ಸ್ವತಃ ಬಾಡಿಗೆ ಮನೆಯವಳು. ಎರಡು ಓಣಿಗಳ ನಡುವೆ ಒಂದು ಅಂಗಳ, ಅಂಗಳದ ಆಚೆಗೊಂದು ಈಚೆಗೊಂದು ಎದುರುಬದುರು ಮನೆ. ಮನೆ ಎಂದರೆ ಒಂದು ಕೋಣೆ, ಒಂದು ಒಲೆ ಕಟ್ಟೆ, ಓಣಿಗೆ ಒಂದು ಕಿಟಕಿ. ಈಚೆಗಿನದರಲ್ಲಿ ಟೈಪಿನಕ್ಕ ಮತ್ತು ಅವಳ ಅತ್ತೆ, ಹತ್ತೊಂಬತ್ತು ವರ್ಷದಿಂದ. ಆಚೆಗಿನದರಲ್ಲಿ ಇಸ್ತ್ರಿ ಹಾಕುವ ಗಂಡಹೆಂಡತಿ. ಟೈಪಿನಕ್ಕನ ಮನೆಯ ನೆತ್ತಿಯ ಮೇಲೆ, ಕಬ್ಬಿಣದ ಮೆಟ್ಟಿಲು ಹತ್ತಿ ಹೋದರೆ, ಮಾಲೀಕರು. ಕೆಳಗಿನ ಎರಡೂ ಮನೆಯವರು ಅವರನ್ನು "ಮೇಲಿನವರು" ಎನ್ನುತ್ತಿದ್ದರು. ಹೊಸಬರಿಗೆ ಇದು ಕಸಿವಿಸಿ. "ಮೇಲಿನವರು ನೋಡ್ಕೋತಾರೆ" ಎಂದರೆ ದೇವರ ಮಾತೋ ಒಡೆದ ಹೆಂಚಿನ ಮಾತೋ ತಿಳಿಯುತ್ತಿರಲಿಲ್ಲ. ಮೇಲಿನವರಿಗೆ ಹೆಂಡತಿಯಿಲ್ಲ, ಮಕ್ಕಳಿಲ್ಲ. ನೀರಿನ ಮೀಟರು ಓದುವ ಕೆಲಸ ಮಾಡಿ ನಿವೃತ್ತರಾದವರು. ಸಣ್ಣ ಪಿಂಚಣಿ, ಎರಡು ಮನೆಯ ಬಾಡಿಗೆ, ಅಷ್ಟರಲ್ಲಿ ಅವರ ಜೀವನ.

ಅತ್ತೆಗೆ ಕಣ್ಣು ಕಾಣುವುದಿಲ್ಲ. ಬಂದ ಹೊಸದರಲ್ಲಿ ಅಷ್ಟಿಷ್ಟು ಕಾಣುತ್ತಿತ್ತು, ಆಮೇಲೆ ಪೂರ್ತಿ ಹೋಯಿತು. ಆದರೆ ಆ ಕೋಣೆಯಲ್ಲಿ ಆಕೆಯಷ್ಟು ಸಲೀಸಾಗಿ ಕಣ್ಣಿದ್ದವರೂ ಓಡಾಡುತ್ತಿರಲಿಲ್ಲ. ಮಂಚದಿಂದ ಹೊಸ್ತಿಲಿಗೆ ಆರು ಹೆಜ್ಜೆ, ಹೊಸ್ತಿಲಿಂದ ಬಚ್ಚಲಿಗೆ ಹನ್ನೊಂದು, ಏಳನೆಯ ಹೆಜ್ಜೆಯಲ್ಲಿ ಒಂದು ಕಲ್ಲು ಎದ್ದಿದೆ, ಕಾಲು ಎತ್ತಿಡಬೇಕು. ಬೆಳಿಗ್ಗೆ ಹೊಸ್ತಿಲ ಮೇಲೆ ಕೂತು ಮುಖಕ್ಕೆ ಬಿಸಿಲು ಹಿಡಿಯುವುದು ಆಕೆಯ ದೊಡ್ಡ ಸುಖ. ಎದುರು ಮನೆಯ ಹೆಂಚಿನ ಮೇಲಿಂದ ಬಿಸಿಲು ಬಂದು ಮೊದಲು ಗದ್ದ, ಆಮೇಲೆ ಮೂಗು, ಹಣೆ ಮುಟ್ಟಿದಾಗ "ಗಂಟೆ ಎಂಟಾಯ್ತು ಕಣೇ, ಹೊರಡು" ಎನ್ನುತ್ತಿದ್ದಳು. ಎರಡು ನಿಮಿಷ ಹೆಚ್ಚುಕಮ್ಮಿಯಾಗುತ್ತಿರಲಿಲ್ಲ.

ಹೀಗೆ ನಡೆಯುತ್ತಿದ್ದ ಸಂಸಾರ ಒಂದು ದಿನ ಜಾರಿತು, ನಿಜವಾಗಿಯೇ ಜಾರಿತು. ಕೋರ್ಟಿನ ಮೆಟ್ಟಿಲು ತೊಳೆದಿದ್ದರು. ಟೈಪಿನಕ್ಕ ಮೂರು ಪ್ರತಿ ಎದೆಗವಚಿಕೊಂಡು ಇಳಿಯುತ್ತಿದ್ದಳು. ಕಾಗದ ನೆಲಕ್ಕೆ ತಾಗಬಾರದೆಂದು ಬಲಗೈ ಕೊಟ್ಟು ಬಿದ್ದಳು. ಪ್ರತಿಗಳಿಗೆ ಏನೂ ಆಗಲಿಲ್ಲ. ಮಣಿಕಟ್ಟು ಎರಡು ಕಡೆ ಮುರಿಯಿತು.

ಟೈಪಿನವಳ ಬಲಗೈ ಎಂದರೆ ಅಂಗಡಿಯವನ ಅಂಗಡಿ ಇದ್ದ ಹಾಗೆ. ಐದು ತಿಂಗಳು ಅದು ಮುಚ್ಚಿತು. ಆ ಐದು ತಿಂಗಳಲ್ಲಿ ಎದುರು ಮನೆಯ ಇಸ್ತ್ರಿಯವಳು ಮಾಡಿದ್ದನ್ನು ಒಡಹುಟ್ಟಿದವಳು ಮಾಡುವುದಿಲ್ಲ. ಬೆಳಿಗ್ಗೆ ಬಂದು ತಲೆ ಬಾಚಿ ಜಡೆ ಹಾಕುತ್ತಿದ್ದಳು. ಒಂದು ಕೈಯಲ್ಲಿ ಹಾಕಿಕೊಳ್ಳಲಾಗದ ರವಿಕೆಯ ಗುಂಡಿ ಹಾಕುತ್ತಿದ್ದಳು. ತಮ್ಮ ಒಲೆಯ ಮೇಲಿಟ್ಟ ಪಾತ್ರೆಗೆ ಎರಡು ಹಿಡಿ ಅಕ್ಕಿ ಹೆಚ್ಚು ಹಾಕಿ, ಅದು ತಪ್ಪಿ ಬಿದ್ದಿದ್ದು ಎಂಬಂತೆ, "ಇವತ್ತೂ ಜಾಸ್ತಿ ಆಗೋಯ್ತಕ್ಕ, ನನ್ನ ಕೈ ಅಳತೆನೇ ಸರಿಯಿಲ್ಲ" ಎಂದು ತಂದಿಡುತ್ತಿದ್ದಳು. ಐದು ತಿಂಗಳು ದಿನಾ ಅಳತೆ ತಪ್ಪುವ ಕೈಯನ್ನು ಟೈಪಿನಕ್ಕ ಅದಕ್ಕೂ ಮೊದಲು ನೋಡಿರಲಿಲ್ಲ. ನೆನೆದರೆ ಈಗಲೂ ಅವಳ ಕಣ್ಣು ತುಂಬುತ್ತದೆ.

ಮೇಲಿನವರೂ ಹಾಗೇ. ಪ್ರತಿ ತಿಂಗಳು ಐದನೆಯ ತಾರೀಖು ಬಾಡಿಗೆಗೆ ಇಳಿದು ಬರುವವರು, ಆ ಐದು ತಿಂಗಳೂ ಇಳಿದು ಬಂದು ಬಾಗಿಲಲ್ಲಿ ನಿಂತು "ಕೈ ಹೇಗಿದೆಯಮ್ಮಾ?" ಎಂದು ಕೇಳಿ, ಅತ್ತೆಯ ಜೊತೆ ಎರಡು ಮಾತಾಡಿ, ಬಾಡಿಗೆಯ ಸೊಲ್ಲೆತ್ತದೆ ಮೇಲೆ ಹೋಗುತ್ತಿದ್ದರು.

ಕೆಟ್ಟಿದ್ದು ಕೈ ಸರಿಯಾದ ಮೇಲೆ. ಪಟ್ಟಿ ಬಿಚ್ಚಿದರು, ಅವಳು ಮೆಷಿನ್ನಿನ ಮುಂದೆ ಕೂತಳು. ಕಿರುಬೆರಳೂ ಅದರ ಪಕ್ಕದ್ದೂ ಹೇಳಿದ ಮಾತು ಕೇಳುತ್ತಿರಲಿಲ್ಲ. ಹಳೇ ಗಿರಾಕಿಗಳು ರಸ್ತೆಯಾಚೆಯ ಟೈಪಿನ ಅಂಗಡಿ ಹುಡುಕಿಕೊಂಡಿದ್ದರು. ಸಿಕ್ಕಿದ್ದು ಔಷಧದಂಗಡಿಯ ಬಾಕಿಗೆ ಹೋಯಿತು. ಕೈ ಮುರಿದಾಗ ಬಾಡಿಗೆ ಕೊಡದಿದ್ದರೆ ಅದಕ್ಕೊಂದು ಕಾರಣವಿತ್ತು, ಎಲ್ಲರ ಕಣ್ಣಿಗೂ ಕಾಣುವಂತೆ ಕೊರಳಿಗೆ ನೇತುಬಿದ್ದಿತ್ತು. ಈಗ ಏನು ಹೇಳುವುದು? ಆರನೆಯ ತಿಂಗಳ ಐದನೆಯ ತಾರೀಖು ಟೈಪಿನಕ್ಕ ಬೆಳಿಗ್ಗೆ ಏಳಕ್ಕೇ ಕೆಲಸಕ್ಕೆ ಹೊರಟುಬಿಟ್ಟಳು. ಏಳನೆಯ ತಿಂಗಳೂ ಅಷ್ಟೇ. ಆಮೇಲೆ ತಾರೀಖಿನ ಹಂಗೂ ಉಳಿಯಲಿಲ್ಲ. ಮೇಲಿನವರು ಪೇಪರಿಗೆ ಇಳಿಯುವ ಮುಂಚೆ ಮನೆ ಬಿಡುವುದು, ಅವರು ಸಂಜೆ ತಿರುಗಾಡಲು ಹೋದಾಗ ಒಳಗೆ ಸೇರುವುದು. ಕಬ್ಬಿಣದ ಮೆಟ್ಟಿಲು ಸದ್ದಾದರೆ ಬಾಗಿಲು ಮುಂದೆ ಮಾಡುವುದು. ಐವತ್ತು ವರ್ಷದ ಹೆಂಗಸು, ತಾನಿರುವ ಮನೆಗೇ ಕಳ್ಳನ ಹಾಗೆ ಬರುತ್ತಿದ್ದಳು.

"ದುಡ್ಡಿಲ್ಲ ಅಂತ ಹೇಳೋಕೂ ದುಡ್ಡು ಕೊಡಬೇಕೇನೇ?" ಎಂದು ಅತ್ತೆ ಕೇಳಿದಳು.

"ಮುಂದಿನ ತಿಂಗಳು ಸ್ವಲ್ಪ ಕೂಡಿಸ್ಕೊಂಡು ಹೋಗಿ ಮಾತಾಡ್ತೀನಿ ಅತ್ತೆ. ಬರಿಗೈಲಿ ಏನಂತ ಹೋಗಲಿ?"

"ಬರಿಗೈಲಿ ಹೋಗು. ಕೈ ತಾನೇ ಮುರಿದಿದ್ದು, ಬಾಯಲ್ವಲ್ಲ."

ಅವಳು ಹೋಗಲಿಲ್ಲ. ಹೀಗೆ ಎಂಟು ತಿಂಗಳಾಯಿತು.

ಆ ದಿನ ವಕೀಲರೊಬ್ಬರ ಗುಮಾಸ್ತ ನಾಲ್ಕು ಕರಡು ತಂದು ಮೇಜಿನ ಮೇಲೆ ಹಾಕಿದ. ಸಣ್ಣಗಿದ್ದ ಈ ಗುಮಾಸ್ತ ಯಾವಾಗಲೂ ಬಸ್ಸು ತಪ್ಪಿಸಿಕೊಂಡವನಂತೆ ನಿಲ್ಲುತ್ತಿದ್ದ. ಅವಳ ಕೈ ನಿಧಾನ ಎಂದು ಗೊತ್ತಿದ್ದೂ ಕೆಲಸ ತರುತ್ತಿದ್ದವರಲ್ಲಿ ಅವನೂ ಒಬ್ಬ. ಮೊದಲ ಎರಡು ಮುಗಿದವು. ಮೂರನೆಯದು ಬಾಡಿಗೆ ಬಾಕಿಯ ನೋಟೀಸು. ಇಂಥವನ್ನು ಅವಳು ಸಾವಿರ ಮಾಡಿರಬಹುದು. ನಮ್ಮ ಕಕ್ಷಿದಾರರ ಮಾಲೀಕತ್ವದ, ಕೆಳಗೆ ನಮೂದಿಸಿದ ಸ್ವತ್ತಿನಲ್ಲಿ ಬಾಡಿಗೆದಾರರಾಗಿರುವ ನೀವು, ಕಳೆದ ಎಂಟು ತಿಂಗಳಿನಿಂದ, ಮೂವತ್ತು ದಿನಗಳೊಳಗೆ, ತಪ್ಪಿದಲ್ಲಿ ಖಾಲಿ ಸ್ವಾಧೀನ. ಬೆರಳಿಗೇ ಬಾಯಿಪಾಠ. ಮೇಲಿನ ಹೆಸರು ವಿಳಾಸ ಹೊಡೆದಳು, ಸಾಲಿನ ಕೊನೆಗೆ ಗಂಟೆ ಟಿಣ್ ಎಂದಿತು, ಮುಂದಿನ ಸಾಲಿಗೆ ಹೋದಳು. ಕೊನೆಯಲ್ಲಿ ಚಕ್ಕುಬಂದಿ ಬಂತು. ಕೈ ನಿಲ್ಲಿಸಿ, ಕಣ್ಣು ಮುಚ್ಚಿ, ಬಾಗಿಲಲ್ಲಿ ಹೋಗಿ ನಿಂತಳು.

ಉತ್ತರಕ್ಕೆ ಸಾರ್ವಜನಿಕ ನಲ್ಲಿಯಿರುವ ರಸ್ತೆ. ದಕ್ಷಿಣಕ್ಕೆ ಕಾಗದದ ಗೋಡೌನಿನ ಗೋಡೆ. ಪೂರ್ವಕ್ಕೆ ಓಣಿ. ಪಶ್ಚಿಮಕ್ಕೆ ಕಬ್ಬಿಣದ ಮೆಟ್ಟಿಲಿರುವ ಅಂಗಳ.

ಈ ಬಾಗಿಲು ಅವಳಿಗೆ ಗೊತ್ತು. ಒಳಗೆ ಇದ್ದಲು ಇಸ್ತ್ರಿಯ ವಾಸನೆ, ಗೋಡೆಗೆ ಮಡಿಸಿಟ್ಟ ಬಟ್ಟೆಯ ಗಂಟು. ಅಯ್ಯೋ, ಇದು ಇಸ್ತ್ರಿಯವರ ಮನೆ! ಅವರಿಗೆ ನೋಟೀಸೇ? ಒಂದು ತಿಂಗಳೂ ತಪ್ಪಿಸದೆ ಬಾಡಿಗೆ ಕೊಡುವವರಿಗೆ? ನಮಗೆ ಅಕ್ಕಿ ಹಾಕಿ ಹಾಕಿ ಅವರೇ ಬಾಕಿಯಾದರೋ? ತಡಬಡಿಸಿ ಕಾಗದ ಮೇಲೆ ಸರಿಸಿ ಹೆಸರು ನೋಡಿದಳು.

ಹೆಸರು ಅವಳದೇ. ತನ್ನ ಹೆಸರನ್ನೇ, ತೀರಿಕೊಂಡ ಗಂಡನ ಹೆಸರಿನ ಸಮೇತ, ಒಂದು ಒತ್ತಕ್ಷರವೂ ತಪ್ಪದ ಹಾಗೆ ಟೈಪ್ ಮಾಡಿ ಮುಂದೆ ಹೋಗಿದ್ದಳು. ಅಕ್ಷರ ನೋಡು, ಅರ್ಥ ನೋಡಬೇಡ. ಮೇಷ್ಟ್ರಿದ್ದಿದ್ದರೆ ಬೆನ್ನು ತಟ್ಟುತ್ತಿದ್ದರು.

ಅವಳಿಗೆ ಮೊದಲು ನೆನಪಾಗಿದ್ದು ಅತ್ತೆಯ ಹನ್ನೊಂದು ಹೆಜ್ಜೆ. ಹೊಸ ಮನೆಯಲ್ಲಿ ಮುದುಕಿ ಹೆಜ್ಜೆ ಎಣಿಸುವುದನ್ನು ಕಲಿಯುವಷ್ಟರಲ್ಲಿ ಎಷ್ಟು ಸಲ ಬೀಳಬೇಕು? ಹೊಸ ಮನೆ ಕೊಡುವವರಾದರೂ ಯಾರು, ಮುಂಗಡಕ್ಕೆ ದುಡ್ಡೆಲ್ಲಿ? ಎರಡನೆಯದಾಗಿ ಹೊಳೆದಿದ್ದು ಕೋರ್ಟಿನ ಮೆಟ್ಟಿಲ ಕೆಳಗೆ ಇಪ್ಪತ್ತಾರು ವರ್ಷ ಕೂತವಳಿಗೆ ಹೊಳೆಯಲೇಬೇಕಾದದ್ದು. ಚಕ್ಕುಬಂದಿ ತಪ್ಪಿದೆ. ಹೆಸರು ಅವಳದು, ಮನೆ ಎದುರಿನವರದು. ಇದನ್ನು ಹೀಗೇ ಬಿಟ್ಟರೆ, ತನ್ನ ಕಡೆಯ ವಕೀಲ ತಕರಾರು ಎತ್ತುತ್ತಾನೆ, ತಿದ್ದುಪಡಿಗೆ ಅರ್ಜಿ, ಅರ್ಜಿಗೆ ಆಕ್ಷೇಪಣೆ, ವಾಯಿದೆಯ ಮೇಲೆ ವಾಯಿದೆ. ಎರಡು ವರ್ಷ ಯಾರೂ ಅಲ್ಲಾಡಿಸುವಂತಿಲ್ಲ. ಎರಡು ವರ್ಷದಲ್ಲಿ ಬೆರಳು ಸರಿಹೋಗುತ್ತದೆ, ಬಾಕಿ ತೀರುತ್ತದೆ. ಅವಳು ಮಾಡಬೇಕಾದದ್ದು ಏನೂ ಇಲ್ಲ, ಕೊಟ್ಟದ್ದನ್ನು ಕೊಟ್ಟ ಹಾಗೆ ಹೊಡೆಯುವುದು. ಅದೇ ತಾನೇ ಅವಳ ಕೆಲಸ?

ಆದರೆ ತಪ್ಪನ್ನು ಯಾರೂ ನೋಡದೇ ಹೋದರೆ? ಆ ಕನ್ನಡಕದವರ ಕಾಗದವನ್ನು ಯಾರು ನೋಡಿದ್ದರು? ಅಮೀನನಿಗೆ ಹೆಸರು ಬೇಕಿಲ್ಲ, ಅವನು ದಿಕ್ಕು ನೋಡಿ ಬರುವವನು. ಇಸ್ತ್ರಿಯವರ ಬಾಗಿಲಿಗೆ ಬಂದು ನಿಲ್ಲುತ್ತಾನೆ. ಐದು ತಿಂಗಳು ತನಗೆ ಜಡೆ ಹಾಕಿದವಳ ಪಾತ್ರೆ ಬೀದಿಯಲ್ಲಿರುತ್ತದೆ. ಟೈಪಿನಕ್ಕ ಡ್ರಾಯರು ಎಳೆದಳು. ಗಾಜು ಇತ್ತು. ಡ್ರಾಯರು ಮುಚ್ಚಿದಳು. ಆಮೇಲೆ ಮೂರು ಪ್ರತಿಯನ್ನೂ ಸರಿಯಾಗಿ ಜೋಡಿಸಿ, ಹೇಳಿದ ಮಾತು ಕೇಳದ ಎರಡು ಬೆರಳನ್ನು ಮಡಿಸಿ, ಉಳಿದವುಗಳಿಂದ ಹೊಡೆದಳು. ಪೂರ್ವಕ್ಕೆ ಅಂಗಳ. ಪಶ್ಚಿಮಕ್ಕೆ ಓಣಿ.

ಗುಮಾಸ್ತ ಬಂದು ಕರಡಿನ ಜೊತೆ ತಾಳೆ ನೋಡಿ ಹುಬ್ಬು ಏರಿಸಿದ. "ಏನಕ್ಕಾ, ಪೂರ್ವ ಪಶ್ಚಿಮ ಅದಲುಬದಲು ಮಾಡಿದೀರಲ್ಲ?"

"ಕರಡಲ್ಲಿ ತಪ್ಪಿತ್ತು. ಸರಿ ಮಾಡಿದೀನಿ."

"ನಿಮಗೆ ಹೇಗೆ ಗೊತ್ತು? ಮಾಲೀಕರೇ ಕೂತು ಹೇಳಿ ಬರೆಸಿದ್ದು."

"ಗೊತ್ತು ಬಿಡಪ್ಪ. ಅದು ನಮ್ಮನೆ."

ಗುಮಾಸ್ತ ಕಾಗದ ನೋಡಿದ, ಅವಳನ್ನು ನೋಡಿದ, ಮತ್ತೆ ಕಾಗದ ನೋಡಿದ. "ಇದು ನಿಮ್ಮ ಹೆಸರಾ?" ಎಂದ. ಪಾಪ, ಹದಿಮೂರು ವರ್ಷದ ಪರಿಚಯ. ಆಮೇಲೆ ದನಿ ತಗ್ಗಿಸಿ, "ಅಕ್ಕಾ, ನಿಮಗೆ ತಲೆ ಇದೆಯಾ? ತಪ್ಪಿದ್ರೆ ತಪ್ಪೇ ಇರಲಿ ಬಿಡಿ. ನಾನೂ ನೋಡಿಲ್ಲ, ನೀವೂ ನೋಡಿಲ್ಲ. ನಾನೇ ಒಬ್ಬ ಒಳ್ಳೆ ವಕೀಲರನ್ನ ತೋರಿಸ್ತೀನಿ" ಎಂದ. ತನ್ನ ವಕೀಲರ ಕೇಸನ್ನು ತಾನೇ ಕೆಡಿಸಲು ಹೊರಟ ಗುಮಾಸ್ತನನ್ನು ನೋಡಿ ಅವಳಿಗೆ ಅಂಥ ಹೊತ್ತಿನಲ್ಲೂ ನಗು ಬಂತು.

"ನಿನ್ನ ಬಾಯಿಗೆ ಸಕ್ಕರೆ ಹಾಕ. ಬೇಡ. ಹಾಗೇ ತಗೊಂಡು ಹೋಗು. ಮೂರು ಪ್ರತಿ ಕೂಲಿ ಇಟ್ಟು ಹೋಗು."

"ನಿಮ್ಮ ನೋಟೀಸಿಗೆ ನಿಮಗೇ ಕೂಲಿ!"

"ಮತ್ತೆ? ಧರ್ಮಕ್ಕೆ ಹೊಡೆದುಕೊಡೋಕೆ ಅದೇನು ಮದುವೆ ಕರೆಯೋಲೆನಾ?"

ಕೂಲಿ ಇಸಿದುಕೊಂಡಳು. ಸಂಜೆ ಮನೆಗೆ ಹೋಗಿ ಅತ್ತೆಗೆ ಎಲ್ಲ ಹೇಳಿದಳು. ಅತ್ತೆ ಕೇಳಿ ಮುಗಿಸಿ, ಅವಳ ಬಲಗೈಯನ್ನು ತಡವಿ ಹಿಡಿದು ಮಣಿಕಟ್ಟನ್ನು ನೀವುತ್ತ, "ಚೆನ್ನಾಗೇ ಮಾಡಿದೆ" ಎಂದಳು. "ಈಗ ಮೇಲೆ ಹತ್ತು." ಟೈಪಿನಕ್ಕ ಕಬ್ಬಿಣದ ಮೆಟ್ಟಿಲು ಹತ್ತಿದಳು. ನಾಲ್ಕನೆಯ ಮೆಟ್ಟಿಲಲ್ಲಿ ಒಳಗಿಂದ ಮೇಲಿನವರು ಕೆಮ್ಮಿದ್ದು ಕೇಳಿಸಿತು. ಇಳಿದುಬಿಟ್ಟಳು. ಸ್ವಂತ ನೋಟೀಸನ್ನು ತಿದ್ದುವ ಧೈರ್ಯವಿದ್ದವಳಿಗೆ ಒಂಬತ್ತು ಮೆಟ್ಟಿಲು ಹತ್ತುವ ಧೈರ್ಯವಿರಲಿಲ್ಲ. ಮನುಷ್ಯರು ಹೀಗೇ, ಏನು ಮಾಡೋಣ.

ಮೂರನೆಯ ದಿನ ಮಧ್ಯಾಹ್ನ ಮೇಜಿನ ಮುಂದೆ ಯಾರೋ ಬಂದು ನಿಂತರು. ಅವಳು ಕಣ್ಣೆತ್ತದೆ "ಸಾಲಲ್ಲಿ ಇಡಿ" ಎಂದಳು. ಬಂದವರು ಇಟ್ಟ ಕಾಗದ ಅದೇ ನೋಟೀಸು. ಇನ್ನೂ ವಕೀಲರ ಸಹಿ ಬಿದ್ದಿರಲಿಲ್ಲ. ಮೇಲಿನವರು ತಲೆ ಬಡಿಯದಂತೆ ಬಗ್ಗಿ, ಛತ್ರಿಯನ್ನು ಊರುಗೋಲಿನಂತೆ ಊರಿ ನಿಂತಿದ್ದರು.

ಟೈಪಿನಕ್ಕನಿಗೆ ಓಡಿಹೋಗಲು ಜಾಗವಿರಲಿಲ್ಲ. ಒಂದು ಕಡೆ ಗೋಡೆ, ಮೇಲೆ ಮೆಟ್ಟಿಲು, ಮುಂದೆ ಇವರು.

"ವಕೀಲರು ಕರೆಸಿದ್ರು" ಎಂದರು ಮೇಲಿನವರು. "ಯಜಮಾನ್ರೇ, ನಿಮ್ಮ ಮನೆ ಚಕ್ಕುಬಂದಿ ನಿಮಗೇ ಗೊತ್ತಿಲ್ಲ, ನಿಮ್ಮ ಬಾಡಿಗೆಯವರು ತಿದ್ದಿಕೊಟ್ಟಿದ್ದಾರೆ ಅಂತ ನಕ್ಕರು. ಗುಮಾಸ್ತ ಎಲ್ಲ ಹೇಳಿದ. ನನಗೆ ಎಡ ಬಲ ಗೊತ್ತು ಕಣಮ್ಮ, ಪೂರ್ವ ಪಶ್ಚಿಮ ಗೊತ್ತಿಲ್ಲ. ಮೂವತ್ತು ವರ್ಷ ಮನೆಮನೆ ಸುತ್ತಿದೆ, ಯಾವ ಮನೇನೂ ದಿಕ್ಕಿಂದ ಗುರುತು ಹಿಡೀಲಿಲ್ಲ. ಇದು ಬೈಯೋ ಅಜ್ಜಿ ಮನೆ, ಇದು ನೀರು ಕೊಡೋರ ಮನೆ, ಹಾಗೇ ಗುರುತು."

ಅವಳು ತಲೆ ತಗ್ಗಿಸಿ ನೋಟೀಸಿನ ಅಂಚು ಜೋಡಿಸಿದಳು.

"ಯಾಕೆ ತಿದ್ದಿದೆ? ಹಾಗೇ ಬಿಟ್ಟಿದ್ರೆ ನಿನಗೇ ಒಳ್ಳೇದಿತ್ತಂತಲ್ಲ."

"ಹಾಗೇ ಬಿಟ್ಟಿದ್ರೆ ಅದು ಇಸ್ತ್ರಿಯವರ ಬಾಗಿಲಿಗೆ ಹೋಗ್ತಿತ್ತು ಯಜಮಾನ್ರೇ."

ಮೇಲಿನವರಿಗೆ ಸಿಟ್ಟು ಬಂತು. ನಿಜವಾದ ಸಿಟ್ಟು, ಮೂರು ತಿಂಗಳಿಂದ ಕೂಡಿಟ್ಟದ್ದು. "ನಾನೇನು ದುಡ್ಡಿಗೆ ನೋಟೀಸು ಕೊಡೋಕೆ ಬಂದೆ ಅಂದ್ಕೊಂಡ್ಯಾ? ದುಡ್ಡೂ ಬೇಕಪ್ಪ, ಇಲ್ಲ ಅನ್ನಲ್ಲ, ಔಷಧಿ ಒಂದು ಹೊತ್ತಿಂದು ಬಿಟ್ಟಿದೀನಿ. ಆದರೆ ಹತ್ತೊಂಬತ್ತು ವರ್ಷ ಒಂದೇ ಅಂಗಳ ತುಳಿದವಳು, ನನ್ನ ಮೆಟ್ಟಿಲು ಸದ್ದಾದರೆ ಬಾಗಿಲು ಹಾಕ್ಕೋತೀಯ! ನಾನೇನು ಹುಲಿನಾ, ಕರಡಿನಾ? ಮಾತಾಡಿಸೋಣ ಅಂದ್ರೆ ಕೈಗೆ ಸಿಗಲ್ಲ. ಕಾಗದದಲ್ಲಾದ್ರೂ ಸಿಗ್ತಾಳೆ ಅಂತ ವಕೀಲರ ಹತ್ರ ಹೋದೆ." ಛತ್ರಿಯನ್ನು ನೆಲಕ್ಕೆ ಕುಟ್ಟಿದರು. "ಬಾಡಿಗೆ ಬಾಕಿ ಇಡಮ್ಮ, ಯಾರು ಬೇಡ ಅಂದ್ರು? ಮುಖ ಯಾಕೆ ಬಾಕಿ ಇಟ್ಟೆ?"

ಮೆಟ್ಟಿಲ ಮೇಲೆ ಯಾರೋ ಓಡಿಹೋದರು, ಧೂಳು ಉದುರಿತು. ಟೈಪಿನಕ್ಕ ಅವತ್ತು ಮೊದಲ ಸಲ ತಲೆಯೆತ್ತಿ ಅವರನ್ನು ನೋಡಿದಳು. ಮೂರು ತಿಂಗಳಲ್ಲಿ ಅವರು ಇಳಿದುಹೋಗಿದ್ದರು. ಅಂಗಿಯ ಕೊರಳು ದೊಡ್ಡದಾಗಿತ್ತು. ಒಂದು ಹೊತ್ತಿನ ಔಷಧಿ ಬಿಟ್ಟದ್ದು ಯಾರಿಂದ ಎಂದು ಅವಳಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

"ತಪ್ಪಾಯ್ತು" ಎಂದಳು. "ಕೈ ಮುರಿದಾಗ ನೀವು ಕೇಳಲಿಲ್ಲ. ಆ ಉಪಕಾರ ಹೊತ್ತುಕೊಂಡು, ಸರಿಹೋದ ಮೇಲೂ ಇಲ್ಲ ಅಂತ ಹೇಳೋಕೆ ಬಾಯಿ ಬರಲಿಲ್ಲ. ಎರಡು ಬೆರಳು ಇನ್ನೂ ಸರಿಯಿಲ್ಲ. ಮುಂಚಿನ ಅರ್ಧ ಕೆಲಸ ಆಗುತ್ತೆ. ಬಾಡಿಗೆ ತಿಂಗಳು ತಿಂಗಳು ಕೊಡ್ತೀನಿ, ಬಾಕಿನ ಬೇಕಾದ್ರೆ ಅರ್ಧರ್ಧ ತೀರಿಸ್ತೀನಿ. ಅತ್ತೆನ ಮಾತ್ರ ಆ ಮನೆಯಿಂದ ಎಬ್ಬಿಸಬೇಡಿ. ಆಕೆಗೆ ಅಲ್ಲಿ ಬಿಟ್ಟು ಬೇರೆಲ್ಲೂ ಕಣ್ಣು ಕಾಣಲ್ಲ."

"ಇಷ್ಟು ಹೇಳೋಕೆ ಮೂರು ತಿಂಗಳು ಬೇಕಿತ್ತಾ?"

"ಬೇಕಿತ್ತು ಅನ್ಸುತ್ತೆ."

ಮೇಲಿನವರು ಪಕ್ಕದ ಸ್ಟೂಲಿನ ಮೇಲೆ ಕೂತರು. ಕೂತ ಭಾರಕ್ಕೆ ಮೇಜಿಗೆ ಮೈ ತಾಗಿ ಮೇಜು ಗಡಗಡ ಅಲ್ಲಾಡಿತು. ಬಗ್ಗಿ ನೋಡಿದರು. ಒತ್ತುಕೊಟ್ಟಿದ್ದ ಸಮನ್ಸು ಸವೆದು ಹಪ್ಪಳವಾಗಿತ್ತು. ನೋಟೀಸಿನ ಮೂರು ಪ್ರತಿಯನ್ನೂ ಸೇರಿಸಿ ನಾಲ್ಕಾಗಿ ಮಡಿಸಿ, ಮೇಜಿನ ಕಾಲು ಎತ್ತಿ ಕೆಳಗೆ ಸೇರಿಸಿದರು. ಅಲ್ಲಾಡಿಸಿ ನೋಡಿದರು. "ಹೂಂ, ಈಗ ಕೂತ್ಕೊಳ್ತು" ಎಂದು ಎದ್ದುಹೋದರು. ಅವರ ಛತ್ರಿ ಕೋರ್ಟಿನ ಗೇಟು ದಾಟುವವರೆಗೂ ಅವಳು ನೋಡುತ್ತ ಕೂತಳು. ಆಮೇಲೆ ಸೆರಗಿನಿಂದ ಮುಖ ಒರೆಸಿಕೊಂಡು, ಸಾಲಿನಲ್ಲಿ ಕಾಯುತ್ತಿದ್ದ ಕೋಳಿ ಕೇಸು ಎತ್ತಿಕೊಂಡಳು.

ಬಾಕಿ ತೀರಲು ಒಂದು ವರ್ಷ ನಾಲ್ಕು ತಿಂಗಳು ಹಿಡಿಯಿತು. ಐದನೆಯ ತಾರೀಖು ಅವರು ಇಳಿಯುವ ಮುಂಚೆ ಅವಳೇ ಹತ್ತುತ್ತಿದ್ದಳು. ಕೈಯಲ್ಲಿ ಪೂರ್ತಿ ಇಲ್ಲದ ತಿಂಗಳೂ ಹತ್ತುತ್ತಿದ್ದಳು, ಒಂಬತ್ತೂ ಮೆಟ್ಟಿಲು. ಕಿರುಬೆರಳು ಕೊನೆಗೂ ಸರಿಹೋಗಲಿಲ್ಲ, ಅದನ್ನು ಬಿಟ್ಟು ಹೊಡೆಯುವುದು ಅಭ್ಯಾಸವಾಯಿತು. ಅತ್ತೆ ಅದೇ ಹೊಸ್ತಿಲಲ್ಲಿ ಇನ್ನೂ ಆರು ವರ್ಷ ಬಿಸಿಲು ಹಿಡಿದಳು. ಎದ್ದ ಕಲ್ಲಿನ ಹತ್ತಿರ ಒಮ್ಮೆಯೂ ಎಡವದೆ ಹೋದಳು. ಇದೆಲ್ಲ ಯಾರ ಋಣ ಎಂದು ಟೈಪಿನಕ್ಕನನ್ನು ಕೇಳಿದರೆ ಅವಳು ಬೆರಳು ಮಡಿಸುತ್ತ ಹೋಗುತ್ತಾಳೆ. ಮೇಷ್ಟ್ರು, ಇಸ್ತ್ರಿಯವಳು, ಮೇಲಿನವರು, ಆ ಕನ್ನಡಕದವರು. ತನ್ನ ಹೆಸರನ್ನು ಸೇರಿಸಿಕೊಳ್ಳುವುದಿಲ್ಲ. ಹೇಗೂ ಆ ಹೆಸರು ಅವಳಿಗೆ ನೆನಪಿರುವುದು ಕಡಿಮೆ.

ಬಾಕಿಯ ಕೊನೆಯ ಕಂತು ಕೊಟ್ಟ ತಿಂಗಳೇ ಇಸ್ತ್ರಿಯವರ ಬಾಡಿಗೆ ಕರಾರು ಹೊಸದು ಮಾಡಬೇಕಾಗಿ ಬಂತು. ಮೇಲಿನವರು ವಕೀಲರ ಹತ್ತಿರ ಹೋಗಲಿಲ್ಲ, ನೇರವಾಗಿ ಮೆಟ್ಟಿಲ ಕೆಳಗೆ ಬಂದು ಸ್ಟೂಲಿನ ಮೇಲೆ ಕೂತು ಹೇಳಿ ಬರೆಸಿದರು. ಚಕ್ಕುಬಂದಿ ಬಂದಾಗ ಅವಳು ಕೈ ನಿಲ್ಲಿಸಿದಳು.

"ದಿಕ್ಕು ನೀನೇ ಹಾಕ್ಕೊ" ಎಂದರು. "ಓಣಿ ಕಡೆ ಓಣಿ ಬರಿ. ಇನ್ನೊಂದು ಕಡೆ, ಅಂಗಳ, ಅದರಾಚೆ ಟೈಪಿನವರ ಮನೆ ಅಂತ ಬರಿ."

ಅವಳು ತಲೆಯೆತ್ತಿದಳು. "ಹಾಗೆ ಬರೆಯೋ ಹಾಗಿಲ್ಲ ಯಜಮಾನ್ರೇ. ಚಕ್ಕುಬಂದಿಗೆ ಮಾಲೀಕರ ಹೆಸರು ಬರಬೇಕು, ಬಾಡಿಗೆಯವರದ್ದು ಬರಲ್ಲ. ಬಾಡಿಗೆಯವರು ಇವತ್ತು ಇರ್ತಾರೆ, ನಾಳೆ ಹೋಗ್ತಾರೆ. ನಿಮ್ಮ ಇನ್ನೊಂದು ಕೋಣೆ ಅಂತ ಬರೀಬೇಕು."

"ಆ ಅಂಗಳಕ್ಕೆ ಬಂದು ನನ್ನ ಇನ್ನೊಂದು ಕೋಣೆ ಯಾವುದು ಅಂತ ಕೇಳಿದ್ರೆ ಯಾರಾದ್ರೂ ತೋರಿಸ್ತಾರಾ? ಟೈಪಿನವರ ಮನೆ ಯಾವುದು ಅಂದ್ರೆ ಎಲ್ಲರೂ ತೋರಿಸ್ತಾರೆ. ಗುರುತಿಗೆ ತಾನೇ ಇದನ್ನ ಬರೆಯೋದು? ಹೊಡಿಯಮ್ಮ."

ಟೈಪಿನಕ್ಕ ಕಣ್ಣು ಮುಚ್ಚಿದಳು. ಇಸ್ತ್ರಿಯವರ ಬಾಗಿಲಲ್ಲಿ ಹೋಗಿ ನಿಂತಳು. ಬೆನ್ನ ಹಿಂದೆ ಓಣಿ, ಮುಂದೆ ಅಂಗಳ, ಅಂಗಳದಾಚೆ ಹೊಸ್ತಿಲ ಮೇಲೆ ಅತ್ತೆ ಮುಖಕ್ಕೆ ಬಿಸಿಲು ಹಿಡಿದು ಕೂತಿದ್ದಳು. ದಿಕ್ಕು ಸರಿಯಾಗಿತ್ತು. ಅವಳು ಕಣ್ಣು ಬಿಟ್ಟು, ಪಶ್ಚಿಮಕ್ಕೆ ಎಂದು ಹೊಡೆದಳು, ಮುಂದಿನದನ್ನು ಒಂದೊಂದೇ ಅಕ್ಷರವಾಗಿ, ಈ ಸಲ ಅರ್ಥ ನೋಡಿಕೊಂಡೇ ಹೊಡೆದಳು.